ಹೆಸರು ಹೇಳದೆ ಹೋದ ಪ್ಲಂಬರ್‌ಗೆ

ನಿಮಗೆ ಕನ್ನಡ ಬರುವುದಿಲ್ಲ. ಆದರೂ ಈ ಥ್ಯಾಂಕ್ಸನ್ನು ನನ್ನ ಭಾಷೆಯಲ್ಲೇ ಹೇಳಬೇಕು.

ಲೀಡ್ಸ್‌ನ ನಮ್ಮ ಹಳೇ ಮನೆಗೆ ಬರುವ ನೀರನ್ನು ನಿಲ್ಲಿಸುವ ಮೇನ್ ವಾಲ್ವ್ ಜಾಮ್ ಆಗಿ ತಿರುಗುತ್ತಲೇ ಇರಲಿಲ್ಲ. ಅದನ್ನು ಬದಲಿಸಲು ರಸ್ತೆಯಲ್ಲೇ ನೀರು ನಿಲ್ಲಿಸಬೇಕು. ಹಾಗೆ ಮಾಡಿದರೆ ಅಕ್ಕಪಕ್ಕದವರಿಗೂ ನೀರಿಲ್ಲ. ಪಕ್ಕದ ಮನೆಯ ಕೆಲಸಕ್ಕೆ ಬಂದಿದ್ದ ನೀವು, 'ಪೈಪಿನೊಳಗಿನ ನೀರನ್ನೇ ಹೆಪ್ಪುಗಟ್ಟಿಸಿ ತಡೆಯೋಣ' ಎಂದಿರಿ.

ಮೊದಲು ಎಲ್ಲ ನಲ್ಲಿ ಮುಚ್ಚಿಸಿದಿರಿ. ನೀರು ಹರಿಯುತ್ತಿದ್ದರೆ ಮಂಜುಗಡ್ಡೆ ಕಟ್ಟುವುದಿಲ್ಲ, ಅಲ್ವಾ? ವಾಲ್ವ್‌ಗಿಂತ ಹಿಂದೆ, ರಸ್ತೆಯಿಂದ ನೀರು ಬರುವ ಕಡೆ, 15 ಮಿ.ಮೀ. ತಾಮ್ರದ ಪೈಪಿಗೆ ತೋಳಿನಂಥ ಹೊದಿಕೆ ಸುತ್ತಿ, ಸಿಲಿಂಡರಿನಿಂದ ದ್ರವ ಕಾರ್ಬನ್ ಡೈಆಕ್ಸೈಡ್ ಬಿಟ್ಟಿರಿ. ಅದು ಹೊದಿಕೆಯೊಳಗೆ ಮೈನಸ್ 78 ಡಿಗ್ರಿಯ ಡ್ರೈ ಐಸ್, ಅಂದರೆ ಗಟ್ಟಿ ಕಾರ್ಬನ್ ಡೈಆಕ್ಸೈಡ್, ಆಗುತ್ತದಂತೆ! ಕಿಟಕಿ ತೆರೆಸಿದಿರಿ, ಕೈಗವಸು ತೆಗೆಯಲೇ ಇಲ್ಲ. ಆತುರ ಮಾಡಲಿಲ್ಲ. ನಲ್ಲಿ ತೆರೆದು ನೀರು ನಿಂತಿದ್ದನ್ನು ನೋಡಿದ ಮೇಲೆಯೇ ಪೈಪ್ ಕತ್ತರಿಸಿದಿರಿ.

ಹೊಸ ವಾಲ್ವ್ ಕೂರಿಸಿ ಮುಚ್ಚಿ, ಮಂಜುಗಡ್ಡೆ ತಾನಾಗಿ ಕರಗುವವರೆಗೂ ಕಾದಿರಿ. ದುಡ್ಡು ಬೇಡವೆಂದಿರಿ. ಒಂದು ಲೋಟ ಕಾಫಿಗೂ ನಿಲ್ಲಲಿಲ್ಲ.

ಆ ವಾಲ್ವನ್ನು ಈಗ ನನ್ನ ತಾಯಿಯೂ ಸಲೀಸಾಗಿ ತಿರುಗಿಸುತ್ತಾರೆ. ತುಂಬಾ ತುಂಬಾ ಥ್ಯಾಂಕ್ಸ್.