ಕೋಲಿನ ತುದಿಗೆ ದಾರಿ ಬಿಡಿಸಿಕೊಡಿ: ಕನ್ನಡ ಮತ್ತು ಸಂಸ್ಕೃತಿ ಸಚಿವರಿಗೆ ಬಹಿರಂಗ ಪತ್ರ

ಮಾನ್ಯ ಸಚಿವರೇ,

ನಮಸ್ಕಾರ. ಮೈಸೂರು ಅರಮನೆಯ ಬಲರಾಮ ದ್ವಾರದಲ್ಲಿ ಮುಖ್ಯಮಂತ್ರಿಗಳು ನಂದಿಧ್ವಜಕ್ಕೆ ಪೂಜೆ ಸಲ್ಲಿಸಿದ ಮೇಲೆಯೇ ಜಂಬೂಸವಾರಿ ಹೊರಡುತ್ತದೆ. ನಾಡಹಬ್ಬದ ಮೆರವಣಿಗೆಯಲ್ಲಿ ಮೊದಲ ಮರ್ಯಾದೆ ಹಿತ್ತಾಳೆಯ ಅಲಂಕಾರ ಹೊತ್ತ ಆ ಎತ್ತರದ ಬಿದಿರು ಕೋಲಿಗೆ. ಅದನ್ನು ಹೊತ್ತು ಕುಣಿಯುವುದೇ ನಂದಿಧ್ವಜ ಕುಣಿತ. ಆದರೆ ಊರೂರಿನ ಉತ್ಸವಗಳಲ್ಲಿ ಅದೇ ಕೋಲು ನೆಟ್ಟಗೆ ನಿಲ್ಲಲು ಜಾಗವಿರುವುದಿಲ್ಲ. ಸಂಭಾವನೆಯ ಮಾತು ಬೇರೆ ದಿನಕ್ಕಿರಲಿ. ಇಲ್ಲಿ ಕೇಳುತ್ತಿರುವುದು ಎತ್ತರ, ನೆಲ ಮತ್ತು ಸದ್ದಿನ ವಿಚಾರ.

ಮೊದಲು ಎತ್ತರದ ಲೆಕ್ಕ. ಕೋಲು 18 ಅಡಿ ಎಂದಿಟ್ಟುಕೊಳ್ಳಿ. ಅದರ ಬುಡ ಕೂರುವುದು ಕುಣಿಯುವವರ ಸೊಂಟಕ್ಕೆ ಬಿಗಿದ ಚೀಲದಲ್ಲಿ, ನೆಲದಿಂದ ಸುಮಾರು 3 ಅಡಿ ಮೇಲೆ. ಅಲ್ಲಿಗೆ ಕಳಸದ ತುದಿ 21 ಅಡಿ. ರಸ್ತೆಗೆ ಅಡ್ಡಲಾಗಿ ಹಾಯುವ ಕಡಿಮೆ ಒತ್ತಡದ ವಿದ್ಯುತ್ ತಂತಿ ಕನಿಷ್ಠ 5.8 ಮೀಟರ್ ಮೇಲಿರಬೇಕು ಎಂಬುದು ನಿಯಮ. ಅದು 19 ಅಡಿ. ನಿಯಮದ ಪ್ರಕಾರವೇ ಎಳೆದ ತಂತಿಯೂ ಕಳಸಕ್ಕಿಂತ 2 ಅಡಿ ಕೆಳಗಿರಬಹುದು, ಜೋತುಬಿದ್ದ ತಂತಿಯ ಮಾತಂತೂ ಬೇಡ. ಒಣಬಿದಿರಿಗೆ ಕರೆಂಟು ಹತ್ತುವುದಿಲ್ಲ ಎಂದು ಧೈರ್ಯ ಹೇಳುವವರಿದ್ದಾರೆ. ಕೋಲಿನ ಮೈತುಂಬ ಹಿತ್ತಾಳೆಯ ತಗಡು, ಗಂಟೆ ಕಟ್ಟಿರುತ್ತದೆ. ಹಿಡಿದ ಕೈ ಬೆವರಿನಿಂದ ತೊಯ್ದಿರುತ್ತದೆ. ನಾಲ್ಕು ಹನಿ ಮಳೆ ಬಿದ್ದರೆ ಬಿದಿರೂ ಒದ್ದೆ.

ತಂತಿ ಬಂದಾಗ ಕೋಲನ್ನು ಬಗ್ಗಿಸಿದರಾಯಿತು ಎನ್ನುತ್ತಾರೆ ಮೆರವಣಿಗೆ ನಡೆಸುವವರು. ಬಗ್ಗಿಸುವುದಕ್ಕೆ ಕನಿಷ್ಠ ಮೂವರು ಬೇಕು. ಒಬ್ಬರು ಬುಡ ಒತ್ತಿ ಹಿಡಿಯಬೇಕು, ಇಬ್ಬರು ಕೈಮೇಲೆ ಕೈ ಬದಲಿಸುತ್ತ ಹಿಂದೆ ಸರಿದು ಕೋಲನ್ನು ಹೆಗಲಿಗೆ ಇಳಿಸಿಕೊಳ್ಳಬೇಕು. ತಂತಿ ದಾಟಿದ ಮೇಲೆ ಇದನ್ನೆಲ್ಲ ತಿರುವುಮುರುವಾಗಿ ಮಾಡಬೇಕು. ಅಲಂಕಾರ ಸೇರಿ 20 ಕೆ.ಜಿ. ದಾಟುವ ಕೋಲನ್ನು ಒಂದು ಬೀದಿಯಲ್ಲಿ ಹತ್ತು ಸಲ ಹೀಗೆ ಇಳಿಸಿ ಏರಿಸಿದರೆ ಕುಣಿತಕ್ಕೆ ಉಳಿಯಬೇಕಾದ ಕಸುವೆಲ್ಲ ಅಲ್ಲೇ ಖರ್ಚಾಗುತ್ತದೆ. ಹಿಂದಿನ ಸ್ತಬ್ಧಚಿತ್ರದ ಗಾಡಿ ಹಾರ್ನ್ ಹೊಡೆದು ಅವಸರಪಡಿಸಿದಾಗಲೇ ಕೋಲು ಕೈತಪ್ಪುವುದು.

ಕೋಲು ನಿಲ್ಲುವ ಬಗೆ ತಿಳಿದರೆ ಉಳಿದ ಬೇಡಿಕೆಗಳೂ ತಾವಾಗಿ ಅರ್ಥವಾಗುತ್ತವೆ. ಅಂಗೈ ಮೇಲೆ ಪೆನ್ಸಿಲ್ ನಿಲ್ಲಿಸಿ ನೋಡಿ, ಕಣ್ಣು ಮಿಟುಕಿಸುವಷ್ಟರಲ್ಲಿ ಬೀಳುತ್ತದೆ. ಉದ್ದ ಹಿಡಿಯ ಪೊರಕೆಯನ್ನು ಕಡ್ಡಿ ಮೇಲಾಗಿ ನಿಲ್ಲಿಸಿ, ಚಿಕ್ಕ ಮಕ್ಕಳೂ ಅದನ್ನು ಹೊತ್ತು ನಾಲ್ಕು ಹೆಜ್ಜೆ ಹಾಕುತ್ತಾರೆ. ಭಾರ ಮೇಲಿದ್ದಷ್ಟೂ ಬೀಳುವುದು ನಿಧಾನ. ನಂದಿಧ್ವಜದ ತಲೆಯಲ್ಲಿ ಅಷ್ಟು ಹಿತ್ತಾಳೆ ಇರುವುದು ಅಂದಕ್ಕೆ ಮಾತ್ರವಲ್ಲ, ವಾಲಿದ್ದನ್ನು ಸರಿಪಡಿಸಿಕೊಳ್ಳಲು ಅದು ಒಂದು ಗಳಿಗೆ ಕೊಡುತ್ತದೆ. ಆದರೆ ಹದ ಮೀರಿ ವಾಲಿತೋ, ಅದೇ ಭಾರ ಯಾರ ಹಿಡಿತಕ್ಕೂ ಸಿಗುವುದಿಲ್ಲ.

ಹೊಸಬರು ಮಾಡುವ ತಪ್ಪು ಒಂದೇ. ತುದಿ ಎಡಕ್ಕೆ ವಾಲಿದರೆ ರಟ್ಟೆಯ ಬಲದಿಂದ ಬಲಕ್ಕೆ ಎಳೆಯುತ್ತಾರೆ. ಕೋಲು ಎಳೆತಕ್ಕೆ ಬರುವುದಿಲ್ಲ. ತುದಿ ಎಡಕ್ಕೆ ಹೋದರೆ ಹೆಜ್ಜೆಯೂ ಎಡಕ್ಕೆ ಹೋಗಿ, ಸೊಂಟವನ್ನು ಅದರ ಅಡಿಗೆ ಒಯ್ಯಬೇಕು. ನೋಡುವವರಿಗೆ ಕುಣಿತವಾಗಿ ಕಾಣುವ ಹೆಜ್ಜೆಗಳಲ್ಲಿ ಅರ್ಧ ಹೀಗೆ ಕೋಲೇ ಹಾಕಿಸಿದವು. ಹಾಗಾಗಿ ಕುಣಿಯುವವರ ಸುತ್ತ ಎಲ್ಲ ದಿಕ್ಕಿಗೂ 25 ಅಡಿ ಬಿಡಬೇಕು ಎಂದು ಕೇಳುತ್ತಿದ್ದೇವೆ. ಹಗ್ಗ ಹಿಡಿದ ಸ್ವಯಂಸೇವಕರು ಒತ್ತಿ ಒತ್ತಿ ಎರಡು ಮಾರಿನ ಓಣಿ ಮಾಡಿಟ್ಟರೆ ಎಡಕ್ಕೆ ಹಾಕಬೇಕಾದ ಹೆಜ್ಜೆಗೆ ನೆಲವೇ ಇರುವುದಿಲ್ಲ.

ಇನ್ನು ಸದ್ದು. ಕೋಲು ಹೊತ್ತವರ ಕಣ್ಣು ಸದಾ ಕಳಸದ ಮೇಲಿರುತ್ತದೆ, ನೆಲ ಕಾಣುವುದಿಲ್ಲ. ಕಾಲನ್ನು ನಡೆಸುವುದು ಕಿವಿ. ಕರಡೆ, ಚಮಾಳ, ತಮಟೆ ವಾದ್ಯಗಳ ಪೆಟ್ಟು ಕೇಳಿದರೆ ಮುಂದಿನ ಹೆಜ್ಜೆ ಯಾವಾಗ ಬೀಳಬೇಕೆಂದು ಮೈಗೆ ಗೊತ್ತಾಗುತ್ತದೆ. ತಂಡದ ಬೆನ್ನಿಗೇ ಡಿಜೆ ಲಾರಿ ನಿಲ್ಲಿಸುವುದೆಂದರೆ ಕುಣಿಯುವವರ ಕಣ್ಣಿಗೆ ಬಟ್ಟೆ ಕಟ್ಟಿದ ಹಾಗೆ. ಬೇರೆ ಯಾವ ಬೇಡಿಕೆ ಬಿಟ್ಟರೂ ಇದೊಂದನ್ನು ನಾವು ಬಿಡಲಾರೆವು.

ಪಟದ ಕುಣಿತಕ್ಕೂ ಪೂಜಾ ಕುಣಿತಕ್ಕೂ ಮುಖ್ಯ ತೊಡಕು ಗಾಳಿ. ಪಟ ಎಂಬ ಉದ್ದ ಕೋಲಿಗೆ ಕಟ್ಟಿದ ಬಣ್ಣದ ಬಟ್ಟೆಗಳು ಹಾಯಿಯಂತೆ ಗಾಳಿ ತುಂಬಿಕೊಳ್ಳುತ್ತವೆ. 'ಪೂಜೆ' ಎಂಬ ಬಿದಿರ ಚೌಕಟ್ಟನ್ನು ತಲೆಯ ಮೇಲೆ ಹೊರುವವರಿಗೆ ಅದರ ತುಂಬ ಸೀರೆ, ಹೂವು. ಬಯಲಲ್ಲಿ ಬೀಸುವ ಗಾಳಿಗೆ ಅವರು ಒಗ್ಗಿರುತ್ತಾರೆ, ಎರಡು ಕಟ್ಟಡಗಳ ಸಂದಿಯಿಂದ ನುಗ್ಗುವ ಗಾಳಿ ಮುನ್ಸೂಚನೆ ಕೊಡುವುದಿಲ್ಲ. ಅಂಥ ಕಡೆ ತಂಡವನ್ನು ನಿಲ್ಲಿಸಿ ಕುಣಿಸಬೇಡಿ. ವೇದಿಕೆಯಾದರೆ ಹಲಗೆ ಅದುರಬಾರದು, ಜಮಖಾನೆಯ ಅಂಚು ಮಡಚಿರಬಾರದು. ಮೇಲೆ ಶಾಮಿಯಾನ ಇರುವಲ್ಲಿ ವೇದಿಕೆಯ ಮುಂದಿನ ಮಣ್ಣಿನ ನೆಲವೇ ನಮಗೆ ವಾಸಿ. ಮಧ್ಯಾಹ್ನದ ಡಾಂಬರಿನ ಮೇಲೆ ಬರಿಗಾಲಿನಲ್ಲಿ ಕುಣಿಸುವ ಮುಂಚೆ ರಸ್ತೆಗೆ ನೀರು ಹಾಕಿಸಿ. ಹಾಕಿದ ನೀರು ಇಂಗಲಿ, ಒದ್ದೆ ರಸ್ತೆ ಜಾರುತ್ತದೆ.

ಟೆಂಡರ್ ಕರೆದು ಒಂದೇ ಅಳತೆಯ ಪೈಪುಗಳನ್ನು ತಂಡಗಳಿಗೆ ಹಂಚುವ ಯೋಚನೆ ಯಾರಿಗಾದರೂ ಬಂದರೆ ದಯವಿಟ್ಟು ತಡೆಯಿರಿ. ಪ್ಲಾಸ್ಟಿಕ್ ಪೈಪು ಬಳುಕುತ್ತದೆ, ಅದರ ತುದಿ ಬುಡದ ಮಾತು ಕೇಳುವುದಿಲ್ಲ. ಲೋಹದ ಪೈಪು ತಂತಿಯ ಕೆಳಗೆ ಸಾವನ್ನೇ ಹಿಡಿದು ನಡೆದಂತೆ. ಬೇಕಾದದ್ದು ಒಳಗೆ ಪೊಳ್ಳು ಕಡಿಮೆ ಇರುವ, ನೆಟ್ಟಗೆ ಬೆಳೆದ ಗಂಡುಬಿದಿರು. ಮಳೆಗಾಲ ಕಳೆದ ಮೇಲೆ ಕಡಿದು ತಿಂಗಳುಗಟ್ಟಲೆ ನೆರಳಲ್ಲಿ ಒಣಗಿಸಿದ್ದಾಗಿರಬೇಕು. ಬಿಸಿಲಿಗೆ ಹಾಕಿದರೆ ಸೀಳುತ್ತದೆ, ಹಸಿಯಾಗಿಯೇ ಕಟ್ಟಿದರೆ ಕುಟ್ಟೆಹುಳು ಹಿಡಿಯುತ್ತದೆ. ಅರಣ್ಯ ಇಲಾಖೆಯಿಂದ ಇಂಥ ಬಿದಿರು ಕೊಡಿಸಿದರೆ ತಂಡಗಳಿಗೆ ಅದಕ್ಕಿಂತ ದೊಡ್ಡ ಉಪಕಾರವಿಲ್ಲ.

ಇದೆಲ್ಲ ಪೇಟೆಯಲ್ಲಿ ಆಗದ ಮಾತು ಎನ್ನುವವರು ಸೊಲ್ಲಾಪುರ ನೋಡಲಿ. ಸಂಕ್ರಾಂತಿಗೆ ಸಿದ್ಧರಾಮೇಶ್ವರರ ಏಳು ನಂದಿಧ್ವಜಗಳು ಆ ನಗರದ ಬೀದಿಗಳಲ್ಲೇ ಸಾಗುತ್ತವೆ, ನಮ್ಮವಕ್ಕಿಂತ ಎತ್ತರದ ಕೋಲುಗಳು.

ತಮ್ಮಲ್ಲಿ ಕೇಳುವುದಿಷ್ಟು. ಕಲಾತಂಡಗಳಿಗೆ ಹೋಗುವ ಆಹ್ವಾನದ ಆದೇಶದಲ್ಲೇ ಕೋಲಿನ ಎತ್ತರ ಬರೆಸಿಕೊಳ್ಳುವ ಒಂದು ಸಾಲು ಸೇರಿಸಿ. ಆ ಅಳತೆ ಹಿಡಿದು ಮೂರು ದಿನ ಮುಂಚೆ ಲೈನ್‌ಮನ್ ಒಬ್ಬರು ತಂಡದ ಹಿರಿಯರೊಂದಿಗೆ ದಾರಿ ನಡೆದು ನೋಡಲಿ. ತಂತಿ ಮುಟ್ಟಿ ಅಳೆಯುವ ಕೆಲಸ ಲೈನ್‌ಮನ್‌ದೇ ಆಗಿರಲಿ. ಎತ್ತರ ಸಾಲದ ಕಡೆ ಮೆರವಣಿಗೆ ದಾಟುವ ತನಕ ಕರೆಂಟು ತೆಗೆಯುವ ಆದೇಶ ಬರವಣಿಗೆಯಲ್ಲಿರಲಿ. ಪ್ರತಿ ಕೋಲಿಗೆ ಇಬ್ಬರು ಸಹಾಯಕರನ್ನೂ ಕಲಾವಿದರೆಂದೇ ಲೆಕ್ಕಕ್ಕೆ ಹಿಡಿಯಿರಿ, ಮೂವರಿಗೂ ವಿಮೆ ಮಾಡಿಸಿ. ಮುಂದಿನ ದಸರೆಗೆ ಮೊದಲೇ ಇದನ್ನೆಲ್ಲ, ಮೇಲೆ ಹೇಳಿದ ನೆಲ, ಸದ್ದಿನ ಬೇಡಿಕೆಗಳನ್ನೂ ಸೇರಿಸಿದ ಸುತ್ತೋಲೆ ಎಲ್ಲ ಜಿಲ್ಲಾಧಿಕಾರಿಗಳ ಕಚೇರಿಗೆ ತಲುಪಲಿ.

ಇಂತಿ ತಮ್ಮ ವಿಶ್ವಾಸಿಗಳು,
ನಂದಿಧ್ವಜ, ಪಟ ಮತ್ತು ಪೂಜಾ ಕುಣಿತ ಕಲಿಸುವವರು