ಅಪ್ಪನ ಮಾತ್ರೆ ಮತ್ತು ಗುಡಿ ಮುಂದಿನ ಕಲ್ಲು

ಅಮ್ಮಾ,

ನಮಸ್ಕಾರ. ಇಲ್ಲಿ ಎಲ್ಲ ಕ್ಷೇಮ. ನಿನ್ನ ಕಾಗದ ಓದಿದಾಗಿನಿಂದ ತಲೆಯಲ್ಲಿ ಅದೊಂದೇ ವಿಷಯ. ಗುಡಿ ಮುಂದಿನ ಶಾಸನದ ಕಲ್ಲಿನಿಂದ ಶಕ್ತಿ ಹೊರಡುತ್ತದೆ, ಅದರ ಮುಂದೆ ಕೂತರೆ ಕಾಯಿಲೆ ವಾಸಿಯಾಗುತ್ತದೆ ಅಂತ ಕಡ್ಡಿ ಹಿಡಿದು ಬಂದ ಯಾರೋ ಹೇಳಿದ್ದಕ್ಕೆ ಅಪ್ಪ ಶುಗರ್ ಮಾತ್ರೆ ಬಿಟ್ಟಿದ್ದಾರಾ? ಮೇಲೆ ತಾಮ್ರದ ತಗಡಿಗೆ ದುಡ್ಡು ಬೇರೆ!

ಮೊದಲು ಮಾತ್ರೆ. ಇವತ್ತೇ ಡಾಕ್ಟರ ಹತ್ತಿರ ಕರೆದುಕೊಂಡು ಹೋಗು. "ಆರಾಮಾಗಿದ್ದೇನೆ" ಅಂತ ಅಪ್ಪ ಹೇಳಿದರೆ ಸುಮ್ಮನಾಗಬೇಡ. ಸಕ್ಕರೆ ಏರಿದ್ದು ಎಷ್ಟೋ ಸಲ ಗೊತ್ತೇ ಆಗುವುದಿಲ್ಲ. ಒಳಗೊಳಗೇ ಕಣ್ಣು, ಕಿಡ್ನಿ, ಕಾಲಿನ ನರ ಕೆಡುತ್ತವೆ. ರಕ್ತ ಪರೀಕ್ಷೆ ಮಾಡಿಸಿಯೇ ತೀರಬೇಕು.

ಕಲ್ಲಿನ ಹತ್ತಿರ ಹೋದಾಗ ಆತನ ಕೈಯ ಕಡ್ಡಿಗಳು ತಾವಾಗೇ ತಿರುಗಿದವು ಅಂತ ಬರೆದಿದ್ದೀಯ. ಹಿಡಿದವರಿಗೇ ತಿಳಿಯದಷ್ಟು ಸಣ್ಣ ಅಲುಗಾಟ ಸಾಕು, ಅವು ತಿರುಗುತ್ತವೆ. ಫ್ರಾನ್ಸಿನ ಷೆವ್ರಲ್ ಎಂಬ ವಿಜ್ಞಾನಿ ದಾರಕ್ಕೆ ಕಟ್ಟಿದ ಗುಂಡು ಹಿಡಿದು ಇದನ್ನೇ ಪರೀಕ್ಷಿಸಿ 1833ರಲ್ಲೇ ಬರೆದಿದ್ದಾರೆ. ಕಣ್ಣಿಗೆ ಬಟ್ಟೆ ಕಟ್ಟಿಕೊಂಡಾಗ ಗುಂಡಿನ ಆಟ ನಡೆಯಲಿಲ್ಲ. ಆ ಕಡ್ಡಿಯವನ ಕಣ್ಣೂ ಕಟ್ಟಿ ನಡೆಸಿ ನೋಡಿ. ವಿಕಿರಣ ಅಳೆಯುವ ಮೀಟರ್ ತಂದರೂ ನಂಬಬೇಡಿ. ಗ್ರಾನೈಟ್‌ನಲ್ಲಿ ಯುರೇನಿಯಂ, ಥೋರಿಯಂ ಚೂರು ಇರುತ್ತವೆ, ಅದಕ್ಕೇ ಮುಳ್ಳು ಅಲುಗಬಹುದು. ಅಕ್ಷರ ಇಲ್ಲದ ಅದೇ ಜಾತಿಯ ಕಲ್ಲೂ ಹಾಗೇ ಮಾಡುತ್ತದೆ.

ಇಲ್ಲಿ ಇಂಗ್ಲೆಂಡಿನ ಬಾತ್ ಎಂಬ ಊರಿಗೆ ಹೋಗಿದ್ದೆ. 46 ಡಿಗ್ರಿ ಬಿಸಿನೀರು ನೆಲದಿಂದ ತಾನಾಗೇ ಬರುತ್ತದೆ, ನೋಡಲು ಎಷ್ಟು ಚೆಂದ ಗೊತ್ತಾ! ರೋಮನ್ನರ ಕಾಲದ ಜನ ಸೀಸದ ತಗಡಿನ ಮೇಲೆ ಶಾಪ ಬರೆದು ಆ ನೀರಿಗೆ ಹಾಕುತ್ತಿದ್ದರು. ಸುಮಾರು 130 ಸಿಕ್ಕಿವೆ. ಡೊಸಿಲಿಯಾನಸ್ ಎಂಬವನ ಮೇಲಂಗಿ ಕಳುವಾಗಿತ್ತು. ಕದ್ದವನಿಗೆ ನಿದ್ದೆಯೂ ಬೇಡ, ಮಕ್ಕಳೂ ಬೇಡ ಅಂತ ಸುಲಿಸ್ ದೇವಿಗೆ ಬರೆದಿದ್ದಾನೆ. ಪಾಪ, ಎಷ್ಟು ನೊಂದಿದ್ದನೋ. ಆ ತಗಡುಗಳನ್ನು ಗಾಜಿನೊಳಗೆ ಇಟ್ಟಿದ್ದಾರೆ, ಜನ ನಿಂತು ಓದುತ್ತಾರೆ. ರೋಗ ವಾಸಿಯಾಗಲಿ ಅಂತ ಅದರ ಮುಂದೆ ಯಾರೂ ಕೂರುವುದಿಲ್ಲ.

ನಮ್ಮ ದಾನಶಾಸನಗಳ ಕೊನೆಯಲ್ಲೂ ಶಾಪ ಇರುತ್ತದಲ್ಲ, ಅಪ್ಪನಿಗೆ ಗೊತ್ತು. ಈ ದಾನ ಕೆಡಿಸಿದವನಿಗೆ ವಾರಣಾಸಿಯಲ್ಲಿ ಸಾವಿರ ಕವಿಲೆ ಹಸು ಕೊಂದ ಪಾಪ ಬರಲಿ ಅಂತ. ಅದು ಭೂಮಿ ಕಬಳಿಸುವವರಿಗೆ ಹಾಕಿದ ಬೆದರಿಕೆ. ಯಾರು ಯಾರಿಗೆ ಎಷ್ಟು ಭೂಮಿ ಕೊಟ್ಟರು ಅಂತ ಹೇಳುವ ಕಲ್ಲು ಅಮ್ಮ, ಔಷಧಿ ಅಲ್ಲ. ಅಪ್ಪನಿಗೆ ಆ ಕಲ್ಲಿನ ಮೇಲೆ ಇರುವ ಪ್ರೀತಿ ದೊಡ್ಡದು, ಅದು ಹಾಗೇ ಇರಲಿ. ರೈಸ್ ಸಾಹೇಬರು 1886ರಿಂದ ಹೊರತಂದ ಎಪಿಗ್ರಾಫಿಯಾ ಕರ್ನಾಟಿಕಾ ಎಂಬ ಶಾಸನ ಸಂಪುಟಗಳಲ್ಲಿ ಅದು ಇದೆಯಾ ಅಂತ ನಾನೇ ಹುಡುಕುತ್ತೇನೆ. ಇಲ್ಲದಿದ್ದರೆ ಮೈಸೂರಿನ ಶಾಸನ ಇಲಾಖೆಗೆ ಬರೆಯೋಣ. ಒದ್ದೆ ಕಾಗದ ಹಚ್ಚಿ, ಬ್ರಷ್‌ನಿಂದ ಬಡಿದು, ಮಸಿ ಹಾಕಿ ಅಚ್ಚು ತೆಗೆಯುತ್ತಾರೆ. ಅಪ್ಪ ಪಕ್ಕದಲ್ಲಿ ನಿಂತು ನೋಡಲಿ.

ತಗಡಿಗೆ ಒಂದು ಪೈಸೆಯೂ ಕೊಡಬೇಡಿ. ಡಾಕ್ಟರಿಗೆ, ಪರೀಕ್ಷೆಗೆ ನಾನು ಕಳಿಸುತ್ತೇನೆ. ನನಗೇನೂ ತೊಂದರೆ ಇಲ್ಲ, ಕೆಲಸ ಚೆನ್ನಾಗಿದೆ, ಬೇಕಾದಷ್ಟು ಬಟ್ಟೆ ಇದೆ, ಚಳಿಯೂ ಅಷ್ಟಿಲ್ಲ, ನಿಜವಾಗ್ಲೂ. ಅಪ್ಪನ ಮೇಲೆ ರೇಗಬೇಡ, ಮೆಲ್ಲಗೆ ಹೇಳು. ಬಸ್ಸಿಗೆ ಹೊತ್ತಾಯಿತು. ಶುಗರ್ ಎಷ್ಟು ಬಂತು ಅಂತ ತಕ್ಷಣ ತಿಳಿಸು.

ನಿನ್ನ ಮಗಳು