ಯಾರ್ಡಿಗೆ ಹೊರಟ ಗಿರೀಶನಿಗೆ

ಚಿ. ಗಿರೀಶನಿಗೆ ನಿನ್ನ ದೊಡ್ಡಪ್ಪನ ಆಶೀರ್ವಾದಗಳು.

ಶಕ್ತಿನಗರದ ಸ್ಥಾವರದಲ್ಲಿ ನಿನ್ನನ್ನು ಕಲ್ಲಿದ್ದಲು ವಿಭಾಗಕ್ಕೆ ಹಾಕಿದ್ದಾರೆ, ಟರ್ಬೈನ್ ಕಡೆ ಸಿಗಲಿಲ್ಲವೆಂದು ನಿನಗೆ ಬೇಸರವಾಗಿದೆ ಎಂದು ನಿಮ್ಮಪ್ಪ ಫೋನಿನಲ್ಲಿ ಹೇಳಿದ. ಬೇಸರ ಮಾಡಿಕೊಳ್ಳಬೇಡ. ಈಗ ಉಷ್ಣ ಸ್ಥಾವರದಲ್ಲಿ ಕಲಿಯಲು ಹೆಚ್ಚು ಇರುವುದು ಕಲ್ಲಿದ್ದಲು ರಾಶಿ ಹಾಕುವ ಯಾರ್ಡಿನಲ್ಲೇ.

ಕಲ್ಲಿದ್ದಲಿನ ಕಾಲ ಮುಗಿಯಿತು ಎನ್ನುವವರೂ ಸಿಗುತ್ತಾರೆ, ಏನೂ ಬದಲಾಗಿಲ್ಲ ಎನ್ನುವವರೂ ಸಿಗುತ್ತಾರೆ. ಇಬ್ಬರ ಮಾತನ್ನೂ ನಂಬಬೇಡ. 2024-25ರಲ್ಲಿ ದೇಶದ ಕಲ್ಲಿದ್ದಲು ಉತ್ಪಾದನೆ 100 ಕೋಟಿ ಟನ್ ದಾಟಿತು. 2025ರ ನಡುಭಾಗಕ್ಕೆ ವಿದ್ಯುತ್ತಿನ ಸ್ಥಾಪಿತ ಸಾಮರ್ಥ್ಯದಲ್ಲಿ ಅರ್ಧ ಪಾಲು ಸೌರ, ಗಾಳಿ, ಜಲ, ಅಣುಗಳದ್ದಾಯಿತು. ಆದರೂ ವರ್ಷಪೂರ್ತಿ ಉತ್ಪಾದನೆಯಾಗುವ ಯೂನಿಟ್‌ಗಳ ಲೆಕ್ಕ ಹಾಕಿದರೆ ನೂರಕ್ಕೆ ಸುಮಾರು ಎಪ್ಪತ್ತು ಈಗಲೂ ಕಲ್ಲಿದ್ದಲಿನದೇ. ಪಾವಗಡದ 2,050 ಮೆಗಾವ್ಯಾಟ್ ಸೌರ ಪಾರ್ಕ್ ಸಂಜೆ ಏಳಕ್ಕೆ ಸೊನ್ನೆ. ಮನೆಮನೆಯಲ್ಲಿ ದೀಪ ಹತ್ತುವುದೂ ಆಗಲೇ. ಮೊದಲು ಹಗಲೂ ರಾತ್ರಿ ಒಂದೇ ಲೋಡಿನಲ್ಲಿ, ಅಂದರೆ ಒಂದೇ ಉತ್ಪಾದನೆಯ ಮಟ್ಟದಲ್ಲಿ, ಓಡುತ್ತಿದ್ದ ಕಲ್ಲಿದ್ದಲಿನ ಘಟಕ ಈಗ ಮಧ್ಯಾಹ್ನ ತಗ್ಗಬೇಕು, ಸಂಜೆ ಏರಬೇಕು. ಮುಂಗಾರಿನಲ್ಲಿ ಗಾಳಿಯೂ ಶರಾವತಿಯೂ ಕೈಹಿಡಿದರೆ ಕೆಲವು ಘಟಕಗಳು ನಿಂತೇ ಇರುತ್ತವೆ. ಹೀಗಾಗಿ ರೇಕ್‌ನಿಂದ (ಗೂಡ್ಸ್ ರೈಲಿನಿಂದ) ನೇರ ಬಾಯ್ಲರ್ ಪಕ್ಕದ ದೊಡ್ಡ ತೊಟ್ಟಿಯಾದ ಬಂಕರ್‌ಗೆ ಹೋಗುತ್ತಿದ್ದ ಕಲ್ಲಿದ್ದಲು ಯಾರ್ಡಿನಲ್ಲಿ ವಾರಗಟ್ಟಲೆ ಬಿದ್ದಿರುತ್ತದೆ. ನಿನ್ನ ಕೆಲಸ ಬದಲಾಗಿರುವುದು ಇಲ್ಲಿ.

ಬಿದ್ದಿರುವ ಕಲ್ಲಿದ್ದಲು ಸುಮ್ಮನಿರುವುದಿಲ್ಲ. ಗಾಳಿಯ ಆಮ್ಲಜನಕ ಹೀರಿ ಒಳಗೇ ಬಿಸಿಯಾಗುತ್ತದೆ. ರಾಶಿ ಸುರಿಯುವಾಗ ದಪ್ಪ ಹೆಂಟೆಗಳು ಉರುಳಿ ಬುಡಕ್ಕೆ ಸೇರುತ್ತವೆ, ಪುಡಿ ಮೇಲೆ ಉಳಿಯುತ್ತದೆ. ಬುಡದ ಸಂದುಗಳಿಂದ ಗಾಳಿ ಒಳಹೊಕ್ಕು ಪುಡಿಯನ್ನು ಕಾಯಿಸುತ್ತದೆ; ಬೆಂಕಿ ಶುರುವಾಗುವುದು ಹೆಚ್ಚಾಗಿ ಇಳಿಜಾರಿನ ಪಕ್ಕದಲ್ಲಿ, ನೆತ್ತಿಯ ಮೇಲಲ್ಲ. ಆದ್ದರಿಂದ ಎತ್ತರಕ್ಕೆ ಸುರಿದು ಬಿಡಬೇಡ. ಒಂದು ಅಡಿ, ಒಂದೂವರೆ ಅಡಿ ಪದರ ಹರಡಿಸಿ ಪ್ರತಿ ಪದರದ ಮೇಲೂ ಡೋಜರ್ ಓಡಿಸು. ಪಕ್ಕಗಳನ್ನೂ ಒತ್ತಿಸು, ಅದನ್ನೇ ಎಲ್ಲರೂ ಮರೆಯುವುದು. ಮೊದಲು ಬಂದದ್ದು ಮೊದಲು ಉರಿಯಲಿ. ರೇಕ್ ಖಾಲಿ ಮಾಡುವ ಅವಸರದಲ್ಲಿ, ಡೆಮರೇಜ್ (ರೈಲು ತಡೆಹಿಡಿದದ್ದಕ್ಕೆ ತೆರುವ ದಂಡ) ತಪ್ಪಿಸಲು ಹೊಸದನ್ನು ಹಳೆಯದರ ಮೇಲೆ ಸುರಿದರೆ ಅಡಿಯಲ್ಲಿರುವುದು ಕೊನೆಗೆ ಕೆಂಡವಾಗಿಯೇ ಹೊರಬರುತ್ತದೆ.

ಬೆಳಗಿನ ಜಾವ ಯಾರ್ಡ್ ಸುತ್ತು. ಒಂದೆಡೆ ಹಬೆ ಏಳುತ್ತಿದ್ದರೆ, ಮಳೆ ನಿಂತ ಮೇಲೆ ಒಂದು ಜಾಗ ಮಾತ್ರ ಬೇಗ ಒಣಗಿದ್ದರೆ, ಸೀಮೆಎಣ್ಣೆಯಂಥ ವಾಸನೆ ಬಂದರೆ ಅಲ್ಲಿ ಉಷ್ಣಮಾಪಕದ ಸರಳು ಚುಚ್ಚಿ ನೋಡು. 60 ಡಿಗ್ರಿ ದಾಟಿದ್ದರೆ ಕಾಯಬೇಡ, ಅಗೆಸಿ ಹೊರತೆಗೆಸು, ತೆಳ್ಳಗೆ ಹರಡಿಸು, ಆಮೇಲೆ ನೀರು ಹೊಡೆಸು. ರಾಶಿಯ ಮೇಲಿಂದಲೇ ಪೈಪ್ ಹಿಡಿದರೆ ನೀರು ಕಾಲುವೆ ಕೊರೆದುಕೊಂಡು ಹೋಗುತ್ತದೆ, ಆ ದಾರಿಯಲ್ಲೇ ಗಾಳಿ ನುಗ್ಗುತ್ತದೆ. ಒಳಗಿನ ಕೆಂಡಕ್ಕೆ ನೀರು ತಾಗಿದರೆ ಹೊತ್ತಿಕೊಳ್ಳುವ ಅನಿಲವೂ ಹುಟ್ಟುತ್ತದೆ. ಕೆಂಡವಿರುವ ಕಲ್ಲಿದ್ದಲನ್ನು ಬಂಕರ್‌ಗೆ ಸಾಗಿಸುವ ಬೆಲ್ಟಿಗೆ ಹಾಕಲು ಯಾರೇ ಹೇಳಿದರೂ ಒಪ್ಪಬೇಡ.

ಯಾರ್ಡಿನಲ್ಲಿ ಎಷ್ಟು ಟನ್ ಇದೆ ಎಂದು ಎಲ್ಲರೂ ಕೇಳುತ್ತಾರೆ. ಎಷ್ಟು ಶಾಖ ಇದೆ ಎಂದು ನೀನು ಲೆಕ್ಕ ಇಡು. 210 ಮೆಗಾವ್ಯಾಟ್ ಘಟಕಕ್ಕೆ ಒಂದು ಯೂನಿಟ್ ವಿದ್ಯುತ್ತಿಗೆ 2,500 ಕಿಲೋಕ್ಯಾಲರಿ ಎಂದು ಹಿಡಿದರೆ ಗಂಟೆಗೆ 52.5 ಕೋಟಿ ಕಿಲೋಕ್ಯಾಲರಿ ಬೇಕು. ಕೆಜಿಗೆ 4,000 ಕಿಲೋಕ್ಯಾಲರಿ ಇರುವ ಕಲ್ಲಿದ್ದಲಾದರೆ 131 ಟನ್ ಸಾಕು, 3,200 ಇರುವುದಾದರೆ 164 ಟನ್. ಅಂದರೆ ಕೀಳು ಸರಕಾದರೆ ಒಂದೇ ಘಟಕ ದಿನಕ್ಕೆ ಹೆಚ್ಚುಕಡಿಮೆ ಒಂದು ಇಡೀ ರೇಕ್ ನುಂಗುತ್ತದೆ. ಇಂಥ ಘಟಕದಲ್ಲಿ ಕಲ್ಲಿದ್ದಲನ್ನು ಪುಡಿ ಮಾಡುವ ಬೌಲ್ ಮಿಲ್ ಒಂದು ಗಂಟೆಗೆ ಸುಮಾರು 33 ಟನ್ ಅರೆಯುತ್ತದೆ. 131 ಟನ್ನಿಗೆ ಐದು ಮಿಲ್ ಆರಾಮ, 164ಕ್ಕೆ ಐದೂ ಪೂರ್ತಿ ದುಡಿಯಬೇಕು, ಸರಕು ಒದ್ದೆಯಾಗಿದ್ದರೆ ಆರನೆಯದೂ ಬೇಕು. ಆಗ ರಿಪೇರಿಗೆ ಬಿಡಲು ಮಿಲ್ಲೇ ಉಳಿಯುವುದಿಲ್ಲ. ಸಿಂಗರೇಣಿ, ಮಹಾನದಿ, ವೆಸ್ಟರ್ನ್ ಎಂಬ ಗಣಿ ಕಂಪನಿಗಳ ಸರಕು ಬೇರೆಬೇರೆ ರಾಶಿಯಾಗಿರಲಿ. ಗಣಿಯಲ್ಲಿ ಬರೆದ ಗ್ರೇಡ್ (ಶಾಖದ ದರ್ಜೆ), ನಿಮ್ಮಲ್ಲಿ ಇಳಿದಾಗಿನ ಶಾಖ, ಬಂಕರ್‌ಗೆ ಹೋಗುವಾಗಿನ ಶಾಖ, ಈ ಮೂರನ್ನೂ ತೇವಾಂಶದ ಸಮೇತ ಒಂದೇ ಪುಸ್ತಕದಲ್ಲಿ ಬರೆದಿಡು. ಗಣಿಯ ಗ್ರೇಡಿಗೂ ಇಳಿದ ಸರಕಿಗೂ ಜಗಳ ಬರುವುದು ಹೆಚ್ಚಾಗಿ ತೇವಾಂಶದ ಲೆಕ್ಕದಲ್ಲೇ.

ಲೋಡ್ ತಗ್ಗಿಸುವ ಕೆಲಸ ಬಾಯ್ಲರ್‌ನವರದು ಎಂದುಕೊಳ್ಳಬೇಡ. ಕನಿಷ್ಠ 55 ಶೇಕಡಾ ಲೋಡಿಗೆ ಇಳಿಯಬೇಕೆಂದು ಕೇಂದ್ರ ವಿದ್ಯುತ್ ಪ್ರಾಧಿಕಾರ 2023ರಲ್ಲಿ ನಿಯಮ ಮಾಡಿತು; ಮುಂದೆ ಹಂತಹಂತವಾಗಿ 40ಕ್ಕೆ ಇಳಿಯಬೇಕು. 210ರ ಘಟಕಕ್ಕೆ ಅದು 84 ಮೆಗಾವ್ಯಾಟ್. ಅಷ್ಟು ಕೆಳಗೆ ಜ್ವಾಲೆ ನಿಲ್ಲಬೇಕಾದರೆ ಬಾಯ್ಲರ್‌ನ ಅಕ್ಕಪಕ್ಕದ ಮಟ್ಟಗಳಿಗೆ ಪುಡಿ ಊದುವ ಮಿಲ್‌ಗಳೇ ಓಡುತ್ತಿರಬೇಕು, ಬಿಡಿಬಿಡಿಯಾಗಿ ಅಲ್ಲ. ಅವುಗಳ ಬಂಕರ್‌ಗೆ ಬೂದಿ ಕಡಿಮೆಯ, ಒಣ ಕಲ್ಲಿದ್ದಲನ್ನು ಮುಂಚೆಯೇ ತುಂಬಿಸಿಡುವುದು ನಿನ್ನ ಕೈಯಲ್ಲಿದೆ. ಅದು ತಪ್ಪಿದರೆ ಜ್ವಾಲೆ ಹಿಡಿದಿಡಲು ದುಬಾರಿ ಎಣ್ಣೆ ಸುಡುತ್ತಾರೆ. ನಿಲ್ಲಿಸುವ ಮಿಲ್ಲನ್ನು ಖಾಲಿ ಮಾಡಿಯೇ ನಿಲ್ಲಿಸಬೇಕು. ಮಿಲ್ಲಿನಿಂದ ಹೊರಬರುವ ಗಾಳಿಯ ಉಷ್ಣತೆ ದಿಢೀರ್ ಏರಿದರೆ ಒಳಗೆ ಬೆಂಕಿಯಿದೆ ಎಂದೇ ತಿಳಿ. ಆಗ ನೋಡಲೆಂದು ಬಾಗಿಲು ತೆರೆಯಬಾರದು. ಬಿಸಿಗಾಳಿ ಮುಚ್ಚಿ, ಹಬೆ ಬಿಡಿಸಬೇಕು.

ಘಟಕ ವಾರಗಟ್ಟಲೆ ನಿಲ್ಲುವ ಸೂಚನೆ ಬಂದ ದಿನವೇ ಬಂಕರ್‌ಗೆ ತುಂಬಿಸುವುದನ್ನು ನಿಲ್ಲಿಸಿ, ಇದ್ದದ್ದನ್ನು ಸುಟ್ಟು ಮುಗಿಸಲು ಹೇಳು. ಬಂಕರ್‌ನಲ್ಲಿ ಉಳಿದದ್ದು ಗೋಡೆಗೆ ಕಚ್ಚಿ ಗಟ್ಟಿಯಾಗುತ್ತದೆ, ಇಲ್ಲವೇ ಅಲ್ಲೇ ಹೊತ್ತಿಕೊಳ್ಳುತ್ತದೆ. ಕಚ್ಚಿದ್ದನ್ನು ಕೆಡವಲು ಕೂಲಿಯವರನ್ನು ಒಳಗೆ ಇಳಿಸುವ ಹಳೆಯ ಅಭ್ಯಾಸಕ್ಕೆ ನಿನ್ನ ಶಿಫ್ಟಿನಲ್ಲಿ ಜಾಗವಿರಬಾರದು. ಕಾಲಡಿಯ ಕಲ್ಲಿದ್ದಲು ಕುಸಿದರೆ ಎಳೆದು ತೆಗೆಯುವಷ್ಟು ಸಮಯ ಸಿಗುವುದಿಲ್ಲ, ವಿಷಾನಿಲ ಇದ್ದರೂ ವಾಸನೆ ಬರುವುದಿಲ್ಲ. ಹೊರಗಿನಿಂದಲೇ ಗಾಳಿಯ ಒತ್ತಡದಿಂದ ಬಿಡಿಸಲಿ. ಹೋದ ಮೊದಲ ವಾರವೇ ಪ್ರತಿ ಬೆಲ್ಟಿನ ಉದ್ದಕ್ಕೂ ನಡೆದು ಪುಲ್ ಕಾರ್ಡ್ (ತುರ್ತಾಗಿ ಬೆಲ್ಟ್ ನಿಲ್ಲಿಸುವ ಹಗ್ಗ) ಎಳೆದು ನೋಡು. ಎಳೆದಲ್ಲಿ ಬೆಲ್ಟ್ ನಿಲ್ಲದಿದ್ದರೆ ಅದು ಸರಿಯಾಗುವವರೆಗೆ ಓಡಿಸಬೇಡ, ಮೇಲಿನವರಿಗೆ ಬರೆದು ಕೊಡು.

ಇಂತಿ,
ನಿನ್ನ ದೊಡ್ಡಪ್ಪ